ಹೊಳೆ ದಾಟಿ ಸೋರಿದ ಹಾಡು

ರಾಯಚೂರಿನಲ್ಲಿ ಮಂತ್ರಾಲಯದ ಬಸ್ಸು ಹತ್ತಿದವರು ಮಂತ್ರಾಲಯದಲ್ಲೇ ಇಳಿಯುತ್ತಾರೆ. ಅದಕ್ಕೇ ಇರಬೇಕು, ಮಾಧವರಂಗೆ ಟಿಕೆಟ್ ಕೇಳಿದಾಗ ಕಂಡಕ್ಟರ್ ನನ್ನನ್ನೊಮ್ಮೆ, ನನ್ನ ಹೆಗಲ ಚೀಲವನ್ನೊಮ್ಮೆ ನೋಡಿದರು. “ಮಠ ಇನ್ನೂ ಮುಂದೈತ್ರಿ” ಅಂದರು. ಗೊತ್ತು ಅಂದೆ. “ಮತ್ತ ಅಲ್ಲೇನೈತ್ರಿ?” ಒಂದು ಮನೆಯ ಮಾಳಿಗೆ ನೋಡುವುದಕ್ಕೆ ಹೊರಟಿದ್ದೇನೆ ಎನ್ನಲು ನಾಚಿಕೆಯಾಗಿ, “ಬೇಕಾದೋರಿದ್ದಾರೆ” ಎಂದು ಕಿಟಕಿಯ ಕಡೆ ತಿರುಗಿದೆ.

ಗಿಲ್ಲೇಸುಗೂರು ದಾಟಿದ ಮೇಲೆ ತುಂಗಭದ್ರೆಯ ಸೇತುವೆ. ಬೇಸಿಗೆಯ ಕೊನೆಯಾದ್ದರಿಂದ ಹೊಳೆಯಲ್ಲಿ ನೀರಿಗಿಂತ ಬಂಡೆಯೇ ಹೆಚ್ಚು. ಸೇತುವೆ ಮುಗಿಯುತ್ತಲೇ ಆಂಧ್ರ; ಅಂಗಡಿ ಬೋರ್ಡುಗಳ ಅಕ್ಷರಗಳ ತಲೆಕಟ್ಟು ಬದಲಾಗುತ್ತದೆ. ಒಳಗಿನ ಉಂಡೆ ಅಕ್ಷರ ಅದೇ. ಈ ದಡದ ಚೆಕ್‌ಪೋಸ್ಟ್ ಮುಖ್ಯವಾಗಿ ಕಾಯುವುದು ಆ ದಡದ ಮದ್ಯದ ಬಾಟಲಿಗಳನ್ನು. ನನ್ನ ಚೀಲದಲ್ಲಿ ಒಂದು ಟವೆಲ್ಲು, ನೋಟ್‌ಬುಕ್ಕು, ಫೋನು. ಫೋನಿನಲ್ಲಿ 2008ರ ಒಂದು ರಾಕ್ ಆಲ್ಬಂ. ಅದನ್ನು ಯಾರೂ ತಪಾಸಣೆ ಮಾಡಲಿಲ್ಲ.

ಈ ಊರಿಗೆ ಬರಲು ಕಾರಣ ಆ ಆಲ್ಬಮ್ಮೇ. ‘ದಿ ರಘು ದೀಕ್ಷಿತ್ ಪ್ರಾಜೆಕ್ಟ್’ ಬ್ಯಾಂಡ್ ತಂದ ಚೊಚ್ಚಲ ಆಲ್ಬಂ ಅದು. ಎಂಟು ಹಾಡು, ಹಿಂದಿ, ಇಂಗ್ಲಿಷ್ ಹಾಡುಗಳ ಜೊತೆಗೆ ಎರಡು ಶಿಶುನಾಳ ಶರೀಫರವು. ಆ ಎರಡರಲ್ಲಿ ಒಂದು ‘ಸೋರುತಿಹುದು ಮನೆಯ ಮಾಳಿಗಿ’. ಹಳೇ ಮೈಸೂರಿನ ಕಡೆ ಬೆಳೆದ ನನಗೆ ಮಾಳಿಗೆಯೆಂದರೆ ಮಹಡಿ. ವರ್ಷಗಟ್ಟಲೆ ಆ ಹಾಡನ್ನು ಯಾರದೋ ಮನೆಯ ಮಹಡಿಯಲ್ಲಿ ನೀರು ತೊಟ್ಟಿಕ್ಕುತ್ತಿದೆ ಎಂದೇ ಕೇಳಿಸಿಕೊಂಡಿದ್ದೆ. ರಾಯಚೂರಿನ ಗೆಳೆಯನೊಬ್ಬ ನಕ್ಕು, “ಮಾಳಿಗಿ ಅಂದ್ರ ಮಹಡಿ ಅಲ್ಲೋ ಮಾರಾಯ, ಮಣ್ಣಿನ ಮ್ಯಾಲ್ಛಾವಣಿ. ಹೊಳಿ ಆಚಿ ಮಾಧವರಂದಾಗ ನಮ್ಮ ದೊಡ್ಡವ್ವನ ಮನಿ ಐತಿ, ಹತ್ತಿ ನೋಡ್ಹೋಗು” ಅಂದ. ಹಾಗೆ ಹೊರಟದ್ದು.

ಮಾಳಿಗೆಯ ಮೇಲೆ

ರಸ್ತೆಯಂಚಿನ ಮಾಧವರಂ ಎಲ್ಲ ರಸ್ತೆಯಂಚಿನ ಊರುಗಳ ಹಾಗೆ: ಚಹಾದಂಗಡಿ, ಪಂಕ್ಚರ್ ಅಂಗಡಿ, ರಸಗೊಬ್ಬರದ ಚೀಲಗಳು. ಒಳಗಿನ ಓಣಿಗೆ ಹೊಕ್ಕರೆ ಆರ್‌ಸಿಸಿ ಮನೆಗಳ ನಡುವೆ ಅಲ್ಲೊಂದು ಇಲ್ಲೊಂದು ಕಲ್ಲು–ಮಣ್ಣಿನ ಗೋಡೆಯ ತಗ್ಗು ಮನೆ. ತೆಲುಗಿನಲ್ಲಿ ಇದು ಮಿದ್ದೆ, ಕನ್ನಡದಲ್ಲಿ ಮಾಳಿಗಿ. ದೊಡ್ಡವ್ವ ಬಾಗಿಲಲ್ಲೇ ಕಾಯುತ್ತಿದ್ದರು. “ಬಾ ಯಪ್ಪಾ, ಬಿಸಲಾಗ ಬಂದಿ” ಎಂದು ಚೊಂಬು ನೀರು ಕೊಟ್ಟವರು, ಸೊಸೆಗೆ ಅದೇ ಉಸಿರಿನಲ್ಲಿ ತೆಲುಗಿನಲ್ಲಿ ಏನೋ ಹೇಳಿದರು. ಬಿಸಿ ರೊಟ್ಟಿ ಬಂತು, ಜೊತೆಗೆ ಪುಂಡಿಪಲ್ಯ. ಸೊಸೆ ಅದನ್ನು ಗೋಂಗೂರ ಅಂದಳು. ಹುಳಿ ಒಂದೇ.

ಉಂಡ ಮೇಲೆ ನಿಚ್ಚಣಿಕೆ ಇಟ್ಟು ಹತ್ತಿಸಿದರು. ಕೆಳಗಿನಿಂದ ನೋಡಿದ್ದ ಸೂರು ಮೇಲೆ ನಿಂತಾಗ ಒಂದು ಸಣ್ಣ ಹೊಲದಂತೆ ಕಂಡಿತು. ಸುತ್ತ ಮೊಣಕಾಲೆತ್ತರದ ಕುಂಬಿ, ನಡುವೆ ಬೆಳಕಿಂಡಿಯ ಮೇಲೆ ಬೋರಲು ಹಾಕಿದ ಮಡಕೆ, ಅಂಚಿನಲ್ಲಿ ಮಳೆನೀರು ಹೊರಬೀಳುವ ದೋಣಿ. ದೊಡ್ಡವ್ವನ ಮಗ ಪದರ ಪದರವಾಗಿ ಲೆಕ್ಕ ಹೇಳಿದ. ತಳಕ್ಕೆ ತೊಲೆ, ತೊಲೆಯ ಮೇಲೆ ಅಡ್ಡಕ್ಕೆ ಜಂತಿ, ಜಂತಿಯ ಮೇಲೆ ಒತ್ತೊತ್ತಾಗಿ ಕಟ್ಟಿಗೆ ಚಕ್ಕೆ, ಅದರ ಮೇಲೆ ಬೇವಿನ ಸೊಪ್ಪು, ಸೊಪ್ಪಿನ ಮೇಲೆ ಗೇಣು ದಪ್ಪ ಮಣ್ಣು, ಎಲ್ಲಕ್ಕೂ ಮೇಲೆ ಚೌಳು.

ಗುಟ್ಟೆಲ್ಲ ಈ ಚೌಳಿನಲ್ಲೇ ಇದೆ. ಏನೂ ಬೆಳೆಯದೆ ಬೆಳ್ಳಗೆ ಉಪ್ಪುಗಟ್ಟಿ ಬಿದ್ದ ನೆಲದ ಮಣ್ಣದು. ರೈತ ಬೈಯುವ ಮಣ್ಣನ್ನೇ ಮನೆ ಕಟ್ಟುವವನು ಹುಡುಕಿಕೊಂಡು ಹೋಗುತ್ತಾನೆ. ಸೋಡಿಯಂ ತುಂಬಿದ ಜೇಡಿ ಕಣಗಳು ಮಳೆ ತಾಗಿದೊಡನೆ ಬಿಡಿಬಿಡಿಯಾಗಿ ಹರಡಿ, ಕೆಳಗಿನ ಸಂದುಗಳಲ್ಲಿ ಕೂತು ದಾರಿ ಮುಚ್ಚುತ್ತವೆ. ನೀರು ಇಳಿಯದ್ದಕ್ಕೇ ಹೊಲಕ್ಕೆ ಅದು ಶಾಪ, ಮಾಳಿಗೆಗೆ ಅದೇ ವರ. ಆದರೆ ಒಮ್ಮೆ ಹಾಕಿ ಮರೆಯುವಂತಿಲ್ಲ. ಪ್ರತಿ ಮಳೆಗೂ ಒಂದಿಷ್ಟು ಕೊಚ್ಚಿಹೋಗುತ್ತದೆ, ಹುಲ್ಲು ಬೇರು ಬಿಡುತ್ತದೆ, ಇರುವೆ ಗೂಡು ತೋಡುತ್ತದೆ. ಮುಂಗಾರಿಗೆ ಮೊದಲೇ ಹತ್ತಿ, ಹುಲ್ಲು ಕಿತ್ತು, ಹೊಸ ಚೌಳು ಹರವಬೇಕು.

“ಸೋರೋದು ಮಳಿಯಿಂದ ಅಲ್ರಿ” ಅಂದರು ದೊಡ್ಡವ್ವ, ಕೆಳಗಿನಿಂದಲೇ. “ಮ್ಯಾಲ ಹತ್ತಿ ನೋಡ್ಲಾರದ್ದಕ್ಕ ಸೋರ್ತೈತಿ.” ಶರೀಫರ ಹಾಡು ಕೂಡ ತಪ್ಪನ್ನು ಮಳೆಯ ಮೇಲೆ ಹೊರಿಸುವುದಿಲ್ಲ, ಒಳಗೆ ಇರುವವನ ಅರಿವುಗೇಡಿತನದ ಮೇಲೆ ಹೊರಿಸುತ್ತದೆ. ದೊಡ್ಡವ್ವ ತತ್ವ ಹೇಳುತ್ತಿರಲಿಲ್ಲ. ಮನೆ ನಿರ್ವಹಣೆಯ ಮಾತಾಡುತ್ತಿದ್ದರು.

ಮನೆಯ ಅರ್ಧಕ್ಕೆ ಈಗ ತಗಡು ಬಂದಿದೆ. 2009ರ ಅಕ್ಟೋಬರ್ ಮೊದಲ ವಾರ ತುಂಗಭದ್ರೆ ಉಕ್ಕಿ ಮಂತ್ರಾಲಯದೊಳಗೇ ನುಗ್ಗಿದ ಆ ಮಹಾಮಳೆಗೆ ಹಿಂಬದಿಯ ಜಂತಿಗಳು ಕುಸಿದವಂತೆ. ಮುಂದಿನ ಪಡಸಾಲೆ ಮಾತ್ರ ಇನ್ನೂ ಹಳೆಯ ಮಾಳಿಗೆಯ ಕೆಳಗೇ ಇದೆ. “ತಗಡಿನ ಕೆಳಗ ಬ್ಯಾಸಗಿ ತಡೀಲಾಕ ಆಗಲ್ಲ, ಮಳಿ ಬಂದ್ರ ಮಾತು ಕೇಳ್ಸಲ್ಲ” ಅಂದ ಮಗ.

ಸೋರಿಕೆ ಮುಚ್ಚುವ ಕೋಣೆ

ಮಾಳಿಗೆಯ ನೆರಳಲ್ಲಿ ಒರಗಿ ಕೂತು ಆ ಆಲ್ಬಂ ಬಂದ ದಾರಿಯನ್ನು ನೆನೆದೆ. ರಘು ದೀಕ್ಷಿತ್ ಮೈಸೂರಿನಲ್ಲಿ ಬೆಳೆದವರು, ಸೂಕ್ಷ್ಮಜೀವಶಾಸ್ತ್ರದ ಸ್ನಾತಕೋತ್ತರ ಪದವೀಧರರು, ಭರತನಾಟ್ಯ ಕಲಿತವರು. ಕಾಲೇಜಿನಲ್ಲಿ ಸಹಪಾಠಿಯೊಬ್ಬ ಕೆಣಕಿದ್ದಕ್ಕೆ ಪಣ ತೊಟ್ಟು ಗಿಟಾರು ಹಿಡಿದದ್ದು ಎಂದು ಅವರೇ ಅನೇಕ ಕಡೆ ಹೇಳಿಕೊಂಡಿದ್ದಾರೆ. 1990ರ ದಶಕದ ಕೊನೆಗೆ ಪಿಟೀಲುವಾದಕ ಎಚ್.ಎನ್. ಭಾಸ್ಕರ್ ಜೊತೆ ‘ಅಂತರಾಗ್ನಿ’ ಬ್ಯಾಂಡ್ ಕಟ್ಟಿದರು. ನಡುವೆ ಬೆಲ್ಜಿಯಂನ ಔಷಧ ಕಂಪನಿಯಲ್ಲಿ ನೌಕರಿ. ಅಲ್ಲಿನ ರೇಡಿಯೊದಲ್ಲಿ ತಮ್ಮ ಹಾಡು ಬಂದ ಮೇಲೆ ನೌಕರಿ ಬಿಟ್ಟು ಬೆಂಗಳೂರಿಗೆ ವಾಪಸ್ಸು. ಅಂತರಾಗ್ನಿ ಚದುರಿ ಪ್ರಾಜೆಕ್ಟ್ ಹುಟ್ಟಿತು. ಸಿನಿಮಾದ ಹಂಗಿಲ್ಲದ, ಮೂರು ಭಾಷೆಯ ಹಾಡುಗಳನ್ನು ಯಾವ ಕಪಾಟಿನಲ್ಲಿ ಇಡಬೇಕೆಂದು ರೆಕಾರ್ಡ್ ಕಂಪನಿಗಳಿಗೆ ತಿಳಿಯದೆ ವರ್ಷಗಟ್ಟಲೆ ಬಾಗಿಲು ಮುಚ್ಚಿಯೇ ಇತ್ತು. ಕೊನೆಗೆ ಬಾಗಿಲು ತೆರೆದವರು ಮುಂಬೈನ ಸಿನಿಮಾ ಸಂಗೀತ ಜೋಡಿ ವಿಶಾಲ್–ಶೇಖರ್. ಅವರ ‘ಕೌಂಟರ್ ಕಲ್ಚರ್ ರೆಕಾರ್ಡ್ಸ್’ನಿಂದ 2008ರಲ್ಲಿ ಆಲ್ಬಂ ಹೊರಬಂತು. ಎರಡು ವರ್ಷ ಕಳೆದ ಮೇಲೆ ಬಿಬಿಸಿಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮದಲ್ಲಿ ಲುಂಗಿ, ಕಾಲ್ಗೆಜ್ಜೆಯಲ್ಲಿ ಹಾಡಿದರು. 2011ರಲ್ಲಿ ‘ಸಾಂಗ್‌ಲೈನ್ಸ್’ ಪತ್ರಿಕೆಯ ಹೊಸಬರ ಪ್ರಶಸ್ತಿ ಬಂತು. 2013ರ ‘ಜಗ್ ಚಂಗಾ’ದಲ್ಲೂ ಶರೀಫರು ಬಿಡಲಿಲ್ಲ: ‘ಲೋಕದ ಕಾಳಜಿ’, ‘ಕೋಡಗನ ಕೋಳಿ’.

ರಾಕ್ ಆಲ್ಬಂ ಸಾಮಾನ್ಯವಾಗಿ ಹೇಗೆ ತಯಾರಾಗುತ್ತದೆಂದು ಬೆಂಗಳೂರಿನ ಸ್ಟುಡಿಯೊದಲ್ಲಿ ಕೆಲಸ ಮಾಡುವ ಇನ್ನೊಬ್ಬ ಗೆಳೆಯನ ಬಳಿ ನೋಡಿದ್ದೇನೆ. ಬ್ಯಾಂಡಿನವರೆಲ್ಲ ಸೇರಿ ಹಾಡುವ ಹಾಗೆ ಕೇಳಿಸಿದರೂ ಒಬ್ಬೊಬ್ಬರೇ ಬಂದು ನುಡಿಸಿ ಹೋಗಿರುತ್ತಾರೆ. ಮೊದಲು ಕಿವಿಗೆ ಟಿಕ್ ಟಿಕ್ ಎನ್ನುವ ಕ್ಲಿಕ್ ಟ್ರ್ಯಾಕ್. ಅದರ ಮೇಲೆ ದಾರಿ ತೋರಿಸಲೊಂದು ಕಚ್ಚಾ ದನಿ. ಆಮೇಲೆ ಡ್ರಮ್ಸ್, ಬೇಸ್, ಗಿಟಾರು, ಪಿಟೀಲು. ಕಟ್ಟಕಡೆಗೆ ಅಸಲಿ ದನಿ ಬಂದಾಗ ಕಚ್ಚಾ ದನಿಯನ್ನು ಅಳಿಸುತ್ತಾರೆ. ಆಮೇಲೆ ಮಿಕ್ಸಿಂಗ್, ಮಾಸ್ಟರಿಂಗ್, ಯಾವ ಹಾಡಿನ ಹಿಂದೆ ಯಾವುದು ಎಂಬ ತಕರಾರು. ಇಷ್ಟರಲ್ಲಿ ಸ್ಟುಡಿಯೊದವರು ಹೆಚ್ಚು ಹೆದರುವುದು ಒಂದಕ್ಕೆ. ಬೇಡದ ಸದ್ದು ಹಾಡುಗಾರನ ಮೈಕಿಗೆ ನುಗ್ಗುವುದು. ಅದಕ್ಕೆ ಅವರು ‘ಲೀಕ್’ ಅನ್ನುತ್ತಾರೆ. ಸೋರಿಕೆ! ಎರಡೆರಡು ಬಾಗಿಲು, ಗಾಜಿನ ಗೂಡು, ಎಲ್ಲವೂ ಸೋರದಿರಲಿ ಎಂದೇ.

ಸೋರುವ ಮಾಳಿಗೆಯ ಹಾಡನ್ನು ಒಂದು ಹನಿಯೂ ಸೋರದ ಕೋಣೆಯಲ್ಲಿ ಕೂತು ಹಿಡಿಯುವುದು ಎಂಥ ಚೋದ್ಯ ಎಂದು ನನಗೆ ಆ ಪಡಸಾಲೆಯಲ್ಲಿ ಮೊದಲ ಬಾರಿ ಹೊಳೆಯಿತು.

ಅಮಾಸಿ ಭಜನಿ

ಅಂದು ಅಮಾವಾಸ್ಯೆ. ಭಜನೆ ದೊಡ್ಡವ್ವನ ಪಡಸಾಲೆಯಲ್ಲೇ. ಉಂಡು ಕೈ ತೊಳೆದುಕೊಂಡು ಒಬ್ಬೊಬ್ಬರೇ ಬಂದರು. ಹಾರ್ಮೋನಿಯಂ ಪೇಟಿ, ಒಂದು ಜೋಡಿ ತಾಳ, ಏಕತಾರಿ, ಅಂಚಿಗೆ ಗಿಲಕಿ ಕಟ್ಟಿದ ದಮ್ಮಡಿ. ಚರ್ಮ ಬಿಗಿಯಾಗಲೆಂದು ದಮ್ಮಡಿಯನ್ನು ಒಲೆಯ ಮುಂದೆ ಹಿಡಿದು ಕಾಯಿಸಿದರು. ದಮ್ಮಡಿಯ ತಾತನಿಗೆ ಎಪ್ಪತ್ತರ ಮೇಲಿರಬೇಕು.

ನನ್ನ ಕಣ್ಣು ನೆಟ್ಟದ್ದು ಅವರ ಹಾಡಿನ ಪುಸ್ತಕದ ಮೇಲೆ. ಉದ್ದನೆಯ ಲೆಕ್ಕದ ಪುಸ್ತಕ, ರಟ್ಟಿಗೆ ಪ್ಲಾಸ್ಟಿಕ್ ಹೊದಿಕೆ. ಮೊದಲ ಅರ್ಧ ತಾತನ ಕೈಬರಹ, ಕನ್ನಡ ಅಕ್ಷರ. ಮಧ್ಯದಿಂದ ಮುಂದಕ್ಕೆ ಅದೇ ಕನ್ನಡ ಹಾಡುಗಳು ತೆಲುಗು ಲಿಪಿಯಲ್ಲಿ. “ಹುಡುಗ್ರು ತೆಲುಗು ಸಾಲಿಗೆ ಹೋಗ್ತಾರ. ಕನ್ನಡ ಓದಾಕ ಬರಲ್ಲ, ಹಾಡಾಕ ಬರ್ತೈತಿ” ಅಂದರು ತಾತ. ಈ ಗಡಿಪಟ್ಟಿಯಲ್ಲಿ ಕನ್ನಡ ಮಾಧ್ಯಮದ ಶಾಲೆಗಳು ಇವತ್ತೂ ಇವೆ. ಆದರೂ ಪುಸ್ತಕದ ಆ ನಡುಹಾಳೆ ಇಲ್ಲಿನ ಚರಿತ್ರೆಯನ್ನೇ ಬಿಡಿಸಿ ಇಟ್ಟಂತಿತ್ತು. 1800ರಲ್ಲಿ ನಿಜಾಮ ಈ ದಡವನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟ. ಹೊಳೆ ಆಗಿನಿಂದಲೂ ಗಡಿಯೇ. ಬಳ್ಳಾರಿ ಜಿಲ್ಲೆಯೊಳಗಿದ್ದ ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು 1953ರ ಅಕ್ಟೋಬರ್ 1ರಂದು ಆಂಧ್ರಕ್ಕೆ ಸೇರಿದವು. ಬಳ್ಳಾರಿ ಮೈಸೂರಿಗೆ ಬಂತು. ಎದುರು ದಡದ ರಾಯಚೂರು ಹೈದರಾಬಾದಿನಲ್ಲೇ ಇದ್ದು 1956ರಲ್ಲಿ ಕನ್ನಡ ರಾಜ್ಯಕ್ಕೆ ಸೇರಿತು. ಸರ್ಕಾರಗಳ ಹೆಸರು ಇಷ್ಟು ಸಲ ಬದಲಾದರೂ ದಾಸರ ಪದ, ಅವಧೂತರ ಪದ, ಶರೀಫರ ಪದ ಹೊಳೆ ದಾಟುತ್ತಲೇ ಇದ್ದವು. ಇವಕ್ಕೆ ಬಿಡುಗಡೆ ಸಮಾರಂಭವಿಲ್ಲ. ಬೀಗರೂರಿಗೆ ಹೋದವನು ಒಂದು ರಾತ್ರಿ ಕೇಳಿ ಬರುತ್ತಾನೆ, ಮುಂದಿನ ಅಮಾಸಿಗೆ ಇಲ್ಲಿ ಹಾಡುತ್ತಾನೆ.

ಶರೀಫರು (1819–1889) ಶಿಗ್ಗಾವಿ ಬಳಿಯ ಶಿಶುನಾಳದವರು. ಅವರ ಹಾಡು ಭಜನೆಯವರ ಬಾಯಿಂದ ಕ್ಯಾಸೆಟ್ಟಿಗೂ, ಸಿ. ಅಶ್ವತ್ಥ್ ಸಂಗೀತದಲ್ಲಿ 1990ರ ‘ಸಂತ ಶಿಶುನಾಳ ಶರೀಫ’ ಸಿನಿಮಾಕ್ಕೂ ಬಂದು ನಾಡಿನ ಮನೆಮನೆ ತಲುಪಿತು. ರಾಕ್ ಬ್ಯಾಂಡಿನ ಕೈಗೆ ಅದು ಸಿಕ್ಕಿದ್ದು ಇಷ್ಟೆಲ್ಲ ದಾಟಿದ ಮೇಲೆ.

ತಾತನ ತಂಡ ‘ಸೋರುತಿಹುದು’ ಹಾಡು ಎತ್ತಿಕೊಂಡಿತು. ನಾನು ಫೋನನ್ನು ಗೂಡಿನಲ್ಲಿಟ್ಟು ರೆಕಾರ್ಡಿಂಗ್ ಒತ್ತಿದೆ. ಒಬ್ಬರು ಒಂದು ಸಾಲು ಹಾಡುತ್ತಾರೆ, ಉಳಿದವರು ಅದನ್ನೇ ಎತ್ತಿ ಮರಳಿಸುತ್ತಾರೆ. ಮೊದಲನೆಯವರ ಉಸಿರು ಮುಗಿಯುವ ಮೊದಲೇ ಎರಡನೆಯವರ ದನಿ ನುಗ್ಗುತ್ತದೆ. ದಮ್ಮಡಿ ಪೇಟಿಯೊಳಕ್ಕೆ, ಪೇಟಿ ತಾಳದೊಳಕ್ಕೆ, ಎಲ್ಲವೂ ಎಲ್ಲದರೊಳಕ್ಕೆ. ಲಯಕ್ಕೆ ಕ್ಲಿಕ್ ಇಲ್ಲ. ಹುರುಪೇರಿದಂತೆ ನಡಿಗೆಯೂ ಏರಿತು, ಕೊನೆಗೆ ಎಲ್ಲರೂ ಒಟ್ಟಿಗೆ ನಿಂತರು. ಯಾರೂ ಎಣಿಸಲಿಲ್ಲ.

ಚಹಾ ಬಂದಾಗ ಧೈರ್ಯ ಮಾಡಿ ಬ್ಯಾಂಡಿನ ಹಾಡು ಹಚ್ಚಿದೆ. ಪುಟ್ಟ ಸ್ಪೀಕರಿನಿಂದ ಗಿಟಾರು ಹೊರಟಾಗ ಹುಡುಗರು ಮುಂದೆ ಸರಿದರು. ತಾತ ಕಣ್ಣು ಮುಚ್ಚಿ ಪೂರ್ತಿ ಕೇಳಿದರು. ಅರ್ಧಕ್ಕೆ ಬಂದಾಗ ಬೆರಳು ದಮ್ಮಡಿಯ ಅಂಚನ್ನು ತಡವತೊಡಗಿತು, ಬಾರಿಸಲಿಲ್ಲ.

“ಯಾರಪ್ಪಾ ಹಾಡ್ಯಾನ?”

“ಮೈಸೂರು ಕಡೆಯೋರು ತಾತ.”

“ದನಿ ಗಟ್ಟಿ ಐತಿ.” ಚಹಾ ಒಂದು ಗುಟುಕು ಇಳಿಯಿತು. “ತೊಲಿ ಅವೇ ಅದಾವ. ಮಣ್ಣು ಹೊಸಾದು ಹಾಕ್ಯಾರ.”

ಹುಡುಗನೊಬ್ಬ ನನಗೂ ಕಳಿಸ್ರಿ ಅಂದ. ಅವನ ಫೋನಿನಲ್ಲಿ ನನ್ನ ಹೆಸರು ತೆಲುಗು ಅಕ್ಷರದಲ್ಲಿ ಸೇರಿತು, ಹಾಡು ಹೋಯಿತು. ಆ ಆಲ್ಬಂ ಮಾಧವರಂನಲ್ಲಿ ಬಿಡುಗಡೆಯಾದದ್ದು ಹಾಗೆ, ಅಮಾವಾಸ್ಯೆಯ ರಾತ್ರಿ, ಹತ್ತು ಮಂದಿಯ ಎದುರು.

ಬೆಳಗಿನ ಬಸ್ಸಿಗೆ ಹೊರಟಾಗ ದೊಡ್ಡವ್ವನ ಮಗ ಟ್ರ್ಯಾಕ್ಟರಿನಲ್ಲಿ ಚೌಳು ತರಲು ಹೋಗಿದ್ದ. ಸೇತುವೆಯ ಮೇಲೆ ಇಯರ್‌ಫೋನ್ ಹಾಕಿ ನನ್ನ ರೆಕಾರ್ಡಿಂಗ್ ಕೇಳಿದೆ. ನಾಯಿ ಬೊಗಳುತ್ತಿತ್ತು. ಪಕ್ಕದ ಮನೆಯ ಟಿವಿಯಲ್ಲಿ ತೆಲುಗು ಧಾರಾವಾಹಿಯ ಅಳು. ಎರಡನೇ ಸಾಲಿಗೆ ಮಗುವೊಂದು ಕೆಮ್ಮಿತು. ಎಲ್ಲೆಲ್ಲಿಂದಲೋ ಸೋರಿ ಬಂದು ಎಲ್ಲವೂ ಹಾಡಿನೊಳಗೆ ಕೂತಿತ್ತು.

ಬೆಂಗಳೂರಿಗೆ ಬಂದು ಅದನ್ನು ಸ್ಟುಡಿಯೊ ಗೆಳೆಯನಿಗೆ ಕೇಳಿಸಿದೆ. ನಾಯಿಯನ್ನೂ ಟಿವಿಯನ್ನೂ ತೆಗೆದುಕೊಡುತ್ತೇನೆ ಅಂದ; ಬೇಡ ಅಂದೆ. ಅವನು ಹೆಡ್‌ಫೋನ್ ಬಿಚ್ಚದೆ ಮತ್ತೊಮ್ಮೆ ಕೇಳಿದ. “ಗಲಾಟೆ ಬಿಡು, ಈ ರೂಮು ತುಂಬ ಚೆನ್ನಾಗಿದೆ ಕಣೋ. ಎಲ್ಲೂ ಗೊಂಯ್ ಅನ್ನಲ್ಲ, ದನಿ ದನಿಯಾಗೇ ನಿಲ್ಲುತ್ತೆ. ಸೀಲಿಂಗಿಗೆ ಏನು ಹಾಕಿದ್ದಾರೆ?”

“ಬೇವಿನ ಸೊಪ್ಪು” ಅಂದೆ. “ಮೇಲೆ ಮಣ್ಣು.”