ಮೇಳ ಮುಗಿಯಿತು, ಸಮಿತಿಯೂ ಮುಗಿಯಿತು

ವಸ್ತುಪ್ರದರ್ಶನಕ್ಕೆ ಜಾಗ ಬೇಕು, ಜನ ಬೇಕು, ಎಲ್ಲಕ್ಕಿಂತ ಮೊದಲು ಹಣ ಬೇಕು. ಅದು ರಾಷ್ಟ್ರದ ಹೆಸರಿನಲ್ಲಿ ನಡೆಯುವುದಾದರೆ ಯಾವ ಊರಿಗೆ ಕೊಡಬೇಕು, ಹಣ ಯಾರು ಹಾಕಬೇಕು, ನಷ್ಟವಾದರೆ ಹೊರುವವರು ಯಾರು ಎಂಬ ಪ್ರಶ್ನೆಗಳು ಶಾಸನಸಭೆಯ ಬಾಗಿಲಿಗೆ ಬರುತ್ತವೆ. ಇಂಥ ಪ್ರಶ್ನೆಗಳಿಗೆಂದೇ ಅಮೆರಿಕದ ಪ್ರತಿನಿಧಿಗಳ ಸಭೆಯಲ್ಲಿ ಒಮ್ಮೆ ಪ್ರತ್ಯೇಕ ಸಮಿತಿ ಇತ್ತು. ‘ಕೈಗಾರಿಕಾ ಕಲೆ ಮತ್ತು ವಸ್ತುಪ್ರದರ್ಶನಗಳ ಸಮಿತಿ’ ಎಂಬುದು ಅದರ ಹೆಸರು. 1903ರಲ್ಲಿ ಹುಟ್ಟಿದ ಅದು 1927ರಲ್ಲಿ ರದ್ದಾಯಿತು.

ಸಮಿತಿಗಿಂತ ಸಮಸ್ಯೆ ಹಳೆಯದು. ಸ್ವಾತಂತ್ರ್ಯದ ಶತಮಾನೋತ್ಸವಕ್ಕೆಂದು 1876ರಲ್ಲಿ ಫಿಲಡೆಲ್ಫಿಯಾದಲ್ಲಿ ಪ್ರದರ್ಶನ ನಡೆಯಿತು. ಅದರ ಖರ್ಚಿಗೆ ಸರ್ಕಾರ ಹೊಣೆಯಲ್ಲ ಎಂದು ಮೊದಲು ಹೇಳಿದ್ದ ಅಮೆರಿಕದ ಸಂಸತ್ತು, ಕೊನೆಗಳಿಗೆಯಲ್ಲಿ 15 ಲಕ್ಷ ಡಾಲರ್ ಕೊಟ್ಟಿತು. ಅದು ಸಾಲವೋ, ಸಹಾಯವೋ? ವ್ಯಾಜ್ಯ ಸುಪ್ರೀಂ ಕೋರ್ಟಿನವರೆಗೆ ಹೋಗಿ, ಷೇರುದಾರರಿಗಿಂತ ಮೊದಲು ಸರ್ಕಾರದ ಹಣ ಮರಳಬೇಕೆಂದು 1877ರಲ್ಲಿ ತೀರ್ಪು ಬಂತು.

ಕೊಲಂಬಸನ ಯಾನದ ನಾನ್ನೂರನೇ ವರ್ಷದ ಪ್ರದರ್ಶನಕ್ಕೆ ನ್ಯೂಯಾರ್ಕ್, ಷಿಕಾಗೊ, ಸೇಂಟ್ ಲೂಯಿ, ವಾಷಿಂಗ್ಟನ್ ನಗರಗಳು ಪೈಪೋಟಿಗಿಳಿದವು. 1890ರ ಫೆಬ್ರುವರಿಯಲ್ಲಿ ಪ್ರತಿನಿಧಿಗಳ ಸಭೆ ಎಂಟು ಸುತ್ತು ಮತ ಹಾಕಿ ಷಿಕಾಗೊವನ್ನು ಆರಿಸಿತು. ಮೈಸೂರಿನಲ್ಲಿ ಚಾಮರಾಜೇಂದ್ರ ಒಡೆಯರ ಆತಿಥ್ಯ ಪಡೆದಿದ್ದ ಸ್ವಾಮಿ ವಿವೇಕಾನಂದರು 1893ರಲ್ಲಿ ಭಾಷಣ ಮಾಡಿದ ಸರ್ವಧರ್ಮ ಸಮ್ಮೇಳನ ಈ ಪ್ರದರ್ಶನದ ಅಂಗವಾಗಿಯೇ ನಡೆದದ್ದು. ಸಂಸತ್ತಿನ ನೆರವು ಬಂದದ್ದು 25 ಲಕ್ಷ ಡಾಲರ್ ಮೌಲ್ಯದ ಸ್ಮಾರಕ ಅರ್ಧ ಡಾಲರ್ ನಾಣ್ಯಗಳ ರೂಪದಲ್ಲಿ. ಭಾನುವಾರ ಬಾಗಿಲು ಮುಚ್ಚಬೇಕೆಂಬ ಷರತ್ತೂ ಜೊತೆಗಿತ್ತು. ಆ ಷರತ್ತೂ ನ್ಯಾಯಾಲಯದ ಮೆಟ್ಟಿಲೇರಿತು.

ಮುಂದೆ ಪ್ರದರ್ಶನಗಳು ಒಂದರ ಬೆನ್ನಿಗೊಂದು ಬರತೊಡಗಿದವು. ಫ್ರಾನ್ಸಿನಿಂದ ಲೂಯಿಸಿಯಾನವನ್ನು 150 ಲಕ್ಷ ಡಾಲರಿಗೆ ಕೊಂಡ ಶತಮಾನೋತ್ಸವಕ್ಕಾಗಿ ಸೇಂಟ್ ಲೂಯಿ ನಗರ ಅಷ್ಟೇ ಮೊತ್ತ ಕೂಡಿಸಹೊರಟಿತು. ಅದರಲ್ಲಿ ಮೂರನೆಯ ಒಂದು ಪಾಲು ಸಂಸತ್ತಿನದು. ಅದೂ ಸಾಲದೆ 1904ರಲ್ಲಿ 46 ಲಕ್ಷ ಡಾಲರ್ ಸಾಲ ಪಡೆದು, ಪ್ರವೇಶ ಶುಲ್ಕದಿಂದ ತೀರಿಸಿತು. ಸಮಿತಿ ರೂಪುಗೊಂಡದ್ದು ಈ ಪ್ರದರ್ಶನದ ಸಿದ್ಧತೆಯ ಕಾಲದಲ್ಲೇ. ಪೋರ್ಟ್‌ಲೆಂಡ್ (1905), ಜೇಮ್ಸ್‌ಟೌನ್ (1907) ಪ್ರದರ್ಶನಗಳೂ ಅದರ ಕಾಲದಲ್ಲೇ ನಡೆದವು.

ಸಮಿತಿಯ ಶಕ್ತಿ ಮತ್ತು ಮಿತಿ ಎರಡೂ ಬಯಲಾದದ್ದು 1911ರಲ್ಲಿ. ಪನಾಮಾ ಕಾಲುವೆಯ ಸಂಭ್ರಮಕ್ಕೆ ನ್ಯೂ ಆರ್ಲಿಯನ್ಸ್ ಮತ್ತು ಸ್ಯಾನ್ ಫ್ರಾನ್ಸಿಸ್ಕೊ ಎರಡೂ ಪಟ್ಟು ಹಿಡಿದವು. ಸಮಿತಿಯ ಒಲವು ನ್ಯೂ ಆರ್ಲಿಯನ್ಸ್ ಕಡೆಗಿತ್ತು. ಆದರೆ 1906ರ ಭೂಕಂಪದಿಂದ ಮೇಲೆದ್ದಿದ್ದ ಸ್ಯಾನ್ ಫ್ರಾನ್ಸಿಸ್ಕೊ ಬೇರೊಂದು ವಾದ ಮುಂದಿಟ್ಟಿತು: ನಮಗೆ ಕೇಂದ್ರದ ಹಣ ಬೇಡ, ಮನ್ನಣೆ ಸಾಕು. ಅದರ ವರ್ತಕರು 1910ರಲ್ಲಿ ಒಂದೇ ಸಭೆಯಲ್ಲಿ 40 ಲಕ್ಷ ಡಾಲರಿಗೂ ಹೆಚ್ಚು ವಂತಿಗೆ ಎತ್ತಿದ್ದರು. ಜನವರಿ 31ರಂದು ಸಭೆ 188–159 ಮತಗಳಿಂದ ಅದಕ್ಕೇ ಒಲಿಯಿತು. ಶಿಫಾರಸು ಸಮಿತಿಯದು, ತೀರ್ಮಾನ ಸಭೆಯದು ಎಂಬುದು ಸ್ಪಷ್ಟವಾಯಿತು.

ಮಹಾಯುದ್ಧದ ನಂತರ ಇಂಥ ಮೇಳಗಳು ವಿರಳವಾದವು. 1926ರಲ್ಲಿ ಫಿಲಡೆಲ್ಫಿಯಾದಲ್ಲೇ ನಡೆದ ನೂರೈವತ್ತನೇ ವರ್ಷದ ಪ್ರದರ್ಶನ ಅರೆಬರೆ ಸಿದ್ಧತೆಯಲ್ಲಿ ಆರಂಭವಾಗಿ, ಮಳೆಗೆ ಸಿಕ್ಕಿ, ಸಾಲದಲ್ಲಿ ಮುಗಿಯಿತು. ಮರುವರ್ಷ ಪ್ರತಿನಿಧಿಗಳ ಸಭೆ ತನ್ನ ಸಮಿತಿಗಳ ಸಂಖ್ಯೆ ಕಡಿಮೆ ಮಾಡಿದಾಗ ಈ ಸಮಿತಿಯೂ ಹೋಯಿತು.

ಸರ್ಕಾರಿ ಸಮಿತಿಗಳು ಹುಟ್ಟುವುದು ಸುಲಭ, ಮುಚ್ಚುವುದು ಕಷ್ಟ. ಕೆಲಸ ಮುಗಿದ ಮೇಲೆ ಎದ್ದುಹೋದ ಈ ಸಮಿತಿ ಆ ಮಟ್ಟಿಗೆ ಅಪರೂಪದ್ದು. ಆದರೆ ಅದು ಎದುರಿಸಿದ ಪ್ರಶ್ನೆ ಎದ್ದುಹೋಗಲಿಲ್ಲ. ಊರಿನ ಹೆಮ್ಮೆಗೆ ದೇಶದ ಬೊಕ್ಕಸದಿಂದ ಎಷ್ಟು ಕೊಡಬೇಕೆಂಬ ವಾದ, ಒಲಿಂಪಿಕ್ಸ್‌ನಂಥ ಮಹಾಕೂಟ ನಡೆಸಹೊರಟ ದೇಶಗಳಲ್ಲೆಲ್ಲ ಮತ್ತೆ ಮತ್ತೆ ಏಳುತ್ತಲೇ ಇದೆ.