ಬಾಯಿ ಬಿಡದೆ ಹಾಲಿವುಡ್ ಗೆದ್ದ ಸೆಸ್ಸೂ ಹಯಕಾವಾ



ಮೂಕಿ ಚಿತ್ರ ಎಂದೊಡನೆ ನಮಗೆಲ್ಲ ನೆನಪಾಗುವವನು ಚಾಪ್ಲಿನ್. ಅವನು ಮೇಲೇರುತ್ತಿದ್ದ ಕಾಲದಲ್ಲೇ, ಅದೇ ಲಾಸ್ ಏಂಜಲೀಸಿನಲ್ಲಿ, ಜಪಾನಿನಿಂದ ಬಂದವನೊಬ್ಬ ದೊಡ್ಡ ತಾರೆಯಾಗಿದ್ದ ಎಂಬುದು ನನಗೆ ನಲವತ್ತು ದಾಟುವವರೆಗೂ ಗೊತ್ತಿರಲಿಲ್ಲ. ಮುಖ ಮಾತ್ರ ಗೊತ್ತಿತ್ತು. 'ದಿ ಬ್ರಿಜ್ ಆನ್ ದಿ ರಿವರ್ ಕ್ವಾಯ್' (1957) ನೋಡಿದವರಿಗೆ ಕೈದಿಗಳ ಶಿಬಿರದ ಕರ್ನಲ್ ಸೈಟೋ ನೆನಪಿರಬೇಕು. ಆ ಮುದುಕ ಯೌವನದಲ್ಲಿ ಅಮೆರಿಕದ ಹೆಂಗಸರ ಕನಸಿನ ನಾಯಕನಾಗಿದ್ದ ಎಂದರೆ ನಂಬುವುದು ಕಷ್ಟ.

ಹೆಸರು ಸೆಸ್ಸೂ ಹಯಕಾವಾ, ಹುಟ್ಟುಹೆಸರು ಕಿಂತಾರೋ. ಊರು ಜಪಾನಿನ ಚಿಬಾ ಪ್ರಾಂತ. ಆತ್ಮಕಥೆಯಲ್ಲಿ ಅವನೇ ಹೇಳಿಕೊಂಡಂತೆ, ನೌಕಾಪಡೆ ಸೇರುವ ಆಸೆ ಕಿವಿಯ ತಮಟೆ ಒಡೆದು ಮಣ್ಣುಪಾಲಾಯಿತು. ಅವಮಾನ ತಾಳದೆ ಪ್ರಾಣ ಕಳೆದುಕೊಳ್ಳಲು ಹೋಗಿ ಬದುಕುಳಿದ. ಆಮೇಲೆ ಓದಲೆಂದು ಅಮೆರಿಕಕ್ಕೆ ಬಂದು, ಕೊನೆಗೆ ಲಾಸ್ ಏಂಜಲೀಸಿನ ಜಪಾನೀ ನಾಟಕಗಳ ಸಹವಾಸಕ್ಕೆ ಬಿದ್ದ. (ಓದಲು ಬಂದು ಇನ್ನೇನೋ ಆದವರು ನಮ್ಮ ಕೂಟದಲ್ಲೂ ಇದ್ದಾರೆ, ಹೆಸರು ಹೇಳುವುದಿಲ್ಲ!) ನಿರ್ಮಾಪಕ ಥಾಮಸ್ ಇನ್ಸ್ ಅವನನ್ನು ಕ್ಯಾಮೆರಾದ ಮುಂದೆ ನಿಲ್ಲಿಸಿದ. 1914ರಲ್ಲಿ 'ದಿ ಟೈಫೂನ್' ಬಂತು. ಅದೇ ವರ್ಷ ನಟಿ ತ್ಸುರು ಅಓಕಿಯ ಕೈಹಿಡಿದ.

ನಿಜವಾದ ಸ್ಫೋಟ 1915ರ 'ದಿ ಚೀಟ್'. ನಿರ್ದೇಶಕ ಸೆಸಿಲ್ ಬಿ. ಡಿಮಿಲ್. ಶ್ರೀಮಂತ ಮನೆಯ ಗೃಹಿಣಿಯೊಬ್ಬಳು ರೆಡ್‌ಕ್ರಾಸ್‌ನ ಹಣವನ್ನು ಷೇರಿನಲ್ಲಿ ಕಳೆದು, ತೋರಿ ಎಂಬ ಜಪಾನೀ ವರ್ತಕನಿಂದ ಸಾಲ ಪಡೆಯುತ್ತಾಳೆ. ಸಾಲಕ್ಕೆ ಬದಲಾಗಿ ಅವನು ಕೇಳುವುದು ಅವಳನ್ನೇ. ಅವಳು ಮಾತಿಗೆ ತಪ್ಪಿದಾಗ, ತನ್ನ ಸಾಮಾನುಗಳ ಮೇಲೆ ಒತ್ತುವ ಕಾದ ಮುದ್ರೆಯನ್ನು ಅವಳ ಭುಜದ ಮೇಲೆ ಒತ್ತುತ್ತಾನೆ. ನೋಡಲು ಇವತ್ತಿಗೂ ಹಿಂಸೆಯಾಗುವ ದೃಶ್ಯ. ಆದರೆ ಗಮನಿಸಿ: ಉಳಿದವರೆಲ್ಲ ರಂಗಭೂಮಿಯವರಂತೆ ಕೈಬೀಸಿ ಕಣ್ಣರಳಿಸುತ್ತಿದ್ದರೆ, ಇವನು ಸುಮ್ಮನೆ ನಿಲ್ಲುತ್ತಾನೆ. ಕೆನ್ನೆಯ ಒಂದು ಸಣ್ಣ ಬಿಗಿತ, ಅಷ್ಟೇ. ನಮ್ಮ ಕಣ್ಣು ತಾನಾಗಿ ಅವನ ಕಡೆ ಹೋಗುತ್ತದೆ. ಪ್ಯಾರಿಸಿನಲ್ಲಿ ಲೇಖಕಿ ಕೊಲೆಟ್ ಇದನ್ನು ಮೆಚ್ಚಿ ಬರೆದಳು.

ಅಮೆರಿಕದಲ್ಲಿದ್ದ ಜಪಾನೀಯರಿಗೆ ಮಾತ್ರ ಇದು ಸಂಭ್ರಮವಾಗಲಿಲ್ಲ. ಮೊದಲೇ ಅನುಮಾನದ ಕಣ್ಣುಗಳ ನಡುವೆ ಬದುಕುತ್ತಿದ್ದವರು. ತಮ್ಮವನೇ ಇಂಥ ಪಾತ್ರ ಮಾಡಿದನಲ್ಲ ಎಂದು ಪ್ರತಿಭಟಿಸಿದರು. 1918ರ ಮರುಬಿಡುಗಡೆಗೆ ಸ್ಟುಡಿಯೋ ಕಂಡುಕೊಂಡ ಪರಿಹಾರ ನೋಡಿ: ತೆರೆಯ ಮೇಲಿನ ಬರಹದಲ್ಲಿ ಜಪಾನೀ ವರ್ತಕ ಬರ್ಮಾದ ದಂತವ್ಯಾಪಾರಿಯಾದ! ಜಪಾನು ಆಗ ಮಹಾಯುದ್ಧದಲ್ಲಿ ಮಿತ್ರರಾಷ್ಟ್ರ, ನೋಯಿಸುವಂತಿರಲಿಲ್ಲ. ಚಿತ್ರದ ಒಂದು ಚೌಕಟ್ಟನ್ನೂ ಹೊಸದಾಗಿ ತೆಗೆಯಬೇಕಾಗಲಿಲ್ಲ. ನಮ್ಮ ಕಸುಬಿನ ಭಾಷೆಯಲ್ಲಿ ಇದಕ್ಕೆ 'ಫೈಂಡ್ ಅಂಡ್ ರಿಪ್ಲೇಸ್' ಎನ್ನುತ್ತೇವೆ. ಬರ್ಮಾದವರನ್ನು ಕೇಳಿದವರು ಯಾರು?

ಇನ್ನೊಂದು ಬೇಲಿಯೂ ಇತ್ತು. ಜಪಾನೀಯನೂ ಬಿಳಿಯಳೂ ಮದುವೆಯಾಗಲು ಕ್ಯಾಲಿಫೋರ್ನಿಯಾದ ಕಾನೂನು 1948ರವರೆಗೂ ಒಪ್ಪುತ್ತಿರಲಿಲ್ಲ. ಹಾಗಾಗಿ ತೆರೆಯ ಮೇಲೆ ಅವನು ಬಿಳಿಯ ನಾಯಕಿಯನ್ನು ಬಯಸಬಹುದು, ಪಡೆಯುವ ಹಾಗಿಲ್ಲ. ಖಳನಾಗಬೇಕು, ಇಲ್ಲವೇ ತ್ಯಾಗಮಾಡಿ ಪಕ್ಕಕ್ಕೆ ಸರಿಯಬೇಕು.

ಗೊಣಗುತ್ತ ಕೂರುವ ಬದಲು ಅವನು 1918ರಲ್ಲಿ ಸ್ವಂತ ಕಂಪನಿ ತೆರೆದ, ಹೆಸರು ಹಾವರ್ತ್ ಪಿಕ್ಚರ್ಸ್. ಕಥೆ ಆರಿಸುವುದು, ತಿದ್ದುವುದು, ನಟಿಸುವುದು, ಎಲ್ಲದರಲ್ಲೂ ಅವನ ಕೈ. ಕೆಲವೇ ವರ್ಷಗಳಲ್ಲಿ ಇಪ್ಪತ್ತರಷ್ಟು ಚಿತ್ರಗಳು. ಅವುಗಳಲ್ಲಿ ನನಗೆ ತುಂಬ ಹಿಡಿಸಿದ್ದು 1919ರ 'ದಿ ಡ್ರ್ಯಾಗನ್ ಪೇಂಟರ್'. ಮಾಯವಾದ ರಾಜಕುಮಾರಿಯನ್ನು ಹುಡುಕುತ್ತ ಬೆಟ್ಟದಲ್ಲಿ ಚಿತ್ರ ಬರೆಯುವ ಹುಚ್ಚ ಕಲಾವಿದನ ಕಥೆ. ಮುದಿ ಗುರುವಿನ ಮಗಳಲ್ಲಿ ಅವನಿಗೆ ಆ ರಾಜಕುಮಾರಿ ಸಿಗುತ್ತಾಳೆ, ಮದುವೆಯಾಗುತ್ತದೆ. ಹುಡುಕಾಟ ಮುಗಿಯಿತಲ್ಲ, ಕುಂಚವೂ ನಿಂತುಹೋಗುತ್ತದೆ! ನಾಯಕಿ ಅವನ ಹೆಂಡತಿ ತ್ಸುರು ಅಓಕಿಯೇ. ಜಪಾನಿನ ಬೆಟ್ಟಗಳೆಂದು ನಾವು ನೋಡುವುದು ಯೊಸೆಮಿಟಿಯನ್ನು. ಊರನ್ನು ಬಿಟ್ಟು ಬಂದವನು ಊರನ್ನು ಕ್ಯಾಲಿಫೋರ್ನಿಯಾದ ಬಂಡೆಗಳಲ್ಲಿ ಕಟ್ಟಿಕೊಂಡದ್ದು ನನಗೆ ಯಾಕೋ ತುಂಬ ಹತ್ತಿರದ್ದೆನಿಸಿತು.

1922ರ ಹೊತ್ತಿಗೆ ಹಾಲಿವುಡ್ ಸಾಕಾಯಿತು. ಫ್ರಾನ್ಸಿಗೆ ಹೋಗಿ 'ಲಾ ಬತೈ' (1923)ದಲ್ಲಿ ನಟಿಸಿದ. ಅಮೆರಿಕಕ್ಕೆ ಮರಳಿ 'ಡಾಟರ್ ಆಫ್ ದಿ ಡ್ರ್ಯಾಗನ್' (1931) ಎಂಬ ಟಾಕಿ ಮಾಡಿದಾಗ ಅವನ ಇಂಗ್ಲಿಷ್ ಉಚ್ಚಾರಣೆ ಎದ್ದು ಕಂಡಿತು. ಮೂಕಿಯಲ್ಲಿ ಯಾರೂ ಕೇಳದಿದ್ದ ಪ್ರಶ್ನೆ! ಫೋನ್ ಮೀಟಿಂಗಿನಲ್ಲಿ ಒಂದೇ ವಾಕ್ಯವನ್ನು ಮೂರು ಸಲ ಹೇಳಿ ಅಭ್ಯಾಸವಿರುವ ನನಗೆ ಅವನ ಸಂಕಟ ವಿವರಿಸಬೇಕಿಲ್ಲ.

ಎರಡನೆಯ ಮಹಾಯುದ್ಧದ ಕಾಲವನ್ನು ಫ್ರಾನ್ಸಿನಲ್ಲಿ, ಜಲವರ್ಣ ಚಿತ್ರ ಬರೆದು ಮಾರುತ್ತ ಕಳೆದ. ಹೆಂಡತಿ ಮಕ್ಕಳು ಜಪಾನಿನಲ್ಲಿ. ತೆರೆಯ ಮೇಲಿನ ಹುಚ್ಚ ಕಲಾವಿದ ಹೊಟ್ಟೆಪಾಡಿಗೆ ನಿಜವಾಗಿಯೂ ಕುಂಚ ಹಿಡಿಯಬೇಕಾಯಿತು. 1949ರಲ್ಲಿ ಹಂಫ್ರಿ ಬೋಗಾರ್ಟ್‌ನ 'ಟೋಕಿಯೋ ಜೋ' ಅವನನ್ನು ಮತ್ತೆ ಹಾಲಿವುಡ್ಡಿಗೆ ಕರೆಸಿತು. ಪಾತ್ರ? ಮತ್ತೆ ಖಳ. ಸೈಟೋ ಪಾತ್ರಕ್ಕೆ ಆಸ್ಕರ್ ನಾಮಕರಣವಾಯಿತು, ಪ್ರಶಸ್ತಿ ಬರಲಿಲ್ಲ. ಆದರೆ ಆ ಚಿತ್ರದಲ್ಲಿ, ಇಂಗ್ಲಿಷ್ ಕರ್ನಲ್‌ಗೆ ಸೋತ ಮೇಲೆ ಸೈಟೋ ಒಬ್ಬನೇ ಅಳುತ್ತಾನಲ್ಲ, ಅಲ್ಲಿ ಮಾತೇ ಇಲ್ಲ. 1973ರಲ್ಲಿ ಟೋಕಿಯೋದಲ್ಲಿ ತೀರಿಕೊಂಡ.

'ಡ್ರ್ಯಾಗನ್ ಪೇಂಟರ್' ಬಹುಕಾಲ ಕಳೆದುಹೋಗಿತ್ತು. ಫ್ರಾನ್ಸಿನಲ್ಲಿ ಪ್ರತಿಯೊಂದು ಸಿಕ್ಕಿತು. 2014ರಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿತು. ಒಂದು ಗಂಟೆಯೂ ಇಲ್ಲದ ಚಿತ್ರ. ಒಂದು ಸಂಜೆ ಮೊದಲು 'ದಿ ಚೀಟ್' ನೋಡಿ, ಕಾಫಿ ಕುಡಿದು, ಆಮೇಲೆ ಇದನ್ನು ಹಾಕಿಕೊಳ್ಳಿ.