ಡಬ್ಬಿ ಸರಿಯಾಗೇ ಇದೆ, ಫೋನ್ ತೋರಿಸಿ

ಫೋನ್ ಒಳಗಿಟ್ಟು ಕಣ್ಣಿಗೆ ಹಿಡಿದು ನೋಡುವ ವಿಆರ್ (ವರ್ಚುವಲ್ ರಿಯಾಲಿಟಿ) ಡಬ್ಬಿ ತೆಗೆದುಕೊಂಡು ನನ್ನ ಮೊಬೈಲ್ ಅಂಗಡಿಗೆ ಬಂದವರ ಡಬ್ಬಿಯನ್ನು ನಾನು ಮೊದಲಿಗೆ ಮುಟ್ಟುವುದೇ ಇಲ್ಲ. ಫೋನ್ ಈಸಿಕೊಂಡು ಯೂಟ್ಯೂಬಿನಲ್ಲಿ ಒಂದು 360 ಡಿಗ್ರಿ ವಿಡಿಯೋ ಹಾಕಿ, ಅವರ ಕೈಗೇ ವಾಪಸ್ ಕೊಟ್ಟು, "ನಿಂತಲ್ಲೇ ಒಂದು ಸುತ್ತು ತಿರುಗಿ" ಅನ್ನುತ್ತೇನೆ. ಕೊಳ್ಳೇಗಾಲದ ಬಸ್ ಸ್ಟ್ಯಾಂಡ್ ಕಡೆಯ ರಸ್ತೆಯಲ್ಲಿ ದೊಡ್ಡವರೆಲ್ಲ ಫೋನ್ ಎತ್ತಿ ಹಿಡಿದು ಹೀಗೆ ತಿರುಗುವುದನ್ನು ನೋಡಿ ಪಕ್ಕದ ಟೀ ಅಂಗಡಿಯವರು ನಗುತ್ತಾರೆ. ನಗಲಿ. ತಿರುಗಿದ ಹಾಗೆ ಚಿತ್ರವೂ ಸರಿದರೆ ಮುಕ್ಕಾಲು ಕೆಲಸ ಮುಗಿಯಿತು. ಚಿತ್ರ ಕದಲದೆ, ಬೆರಳಲ್ಲಿ ಎಳೆದರೆ ಮಾತ್ರ ಸರಿಯುತ್ತಿದ್ದರೆ ಆ ಫೋನಿನಲ್ಲಿ ಗೈರೋಸ್ಕೋಪ್ ಇಲ್ಲ ಅಂತಲೇ ಹೆಚ್ಚುಕಮ್ಮಿ ತೀರ್ಮಾನ. ಅದಕ್ಕೆ ನನ್ನ ಹತ್ತಿರ ರಿಪೇರಿ ಇಲ್ಲ, ಯಾರ ಹತ್ತಿರವೂ ಇಲ್ಲ.

ಹನೂರು ಕಡೆಯ ಹುಡುಗನೊಬ್ಬ ಶಿವರಾತ್ರಿ ಕಳೆದ ಮೇಲೆ ಬಂದಿದ್ದ. ಮಾದಪ್ಪನ ಬೆಟ್ಟದ ತೇರನ್ನು ಅವನ ಸ್ನೇಹಿತ 360 ಕ್ಯಾಮೆರಾದಲ್ಲಿ ಹಿಡಿದಿದ್ದನಂತೆ. ಮಂಡಿ ನೋವಿನಿಂದ ಬೆಟ್ಟಕ್ಕೆ ಹೋಗಲಾಗದ ಅಜ್ಜಿಗೆ ಅದನ್ನು ತೋರಿಸಬೇಕೆಂದು ಡಬ್ಬಿ ತರಿಸಿದ್ದ. "ಅಣ್ಣ, ಡೂಪ್ಲಿಕೇಟ್ ಮಾಲ್ ಕಳ್ಸವ್ರೆ. ತಲೆ ತಿರುಗ್ಸುದ್ರೂ ಮುಂದ್ಗಡೆದೇ ಕಾಣ್ತದೆ ಕನಣ್ಣ" ಎಂದ. ಫೋನ್ ಅಡ್ಡ ಹಿಡಿದರೆ ಸ್ಕ್ರೀನ್ ಅಡ್ಡ ಆಗುತ್ತದಲ್ಲ, ಅಂದರೆ ಸೆನ್ಸರ್ ಸರಿಯಾಗೇ ಇದೆ ಎಂಬುದು ಅವನ ವಾದ.

ಬಹಳ ಜನರ ವಾದವೂ ಇದೇ. ಸ್ಕ್ರೀನ್ ಅಡ್ಡ ಉದ್ದ ಆಗುವುದು ಆಕ್ಸಿಲರೋಮೀಟರ್‌ನಿಂದ. ಸ್ಕ್ರೀನ್ ತಿರುಗಿಸಲು ಅದು ನೋಡುವುದು ಭೂಮಿಯ ಸೆಳೆತ ಯಾವ ಕಡೆಗಿದೆ ಎಂಬುದಷ್ಟೇ. ಒಂದು ಲೋಟ ನೀರು ಹಿಡಿದುಕೊಳ್ಳಿ. ಲೋಟ ವಾಲಿಸಿದರೆ ನೀರು ಒಂದು ಅಂಚಿಗೆ ಬಂದು, ವಾಲಿದೆ ಎಂದು ಹೇಳಿಬಿಡುತ್ತದೆ. ಲೋಟವನ್ನು ನೆಟ್ಟಗೆ ಹಿಡಿದು ನೀವು ನಿಧಾನವಾಗಿ ಸುತ್ತು ಹೊಡೆದರೆ ನೀರಿನ ಮಟ್ಟ ಹಾಗೇ ಇರುತ್ತದೆ, ನೀವು ತಿರುಗಿದ್ದು ಅದರಲ್ಲಿ ಕಾಣುವುದಿಲ್ಲ. ತಿರುಗಿದ್ದನ್ನು ಅಳೆಯುವುದು ಗೈರೋಸ್ಕೋಪಿನ ಕೆಲಸ. ಅದರೊಳಗೆ ಸದಾ ಕಂಪಿಸುವ ಸಿಲಿಕಾನ್ ಚೂರೊಂದಿರುತ್ತದೆ. ಫೋನ್ ತಿರುಗಿದಾಗ ಆ ಕಂಪನ ಪಕ್ಕಕ್ಕೆ ಜರುಗುತ್ತದೆ, ಆ ಜರುಗಾಟದಿಂದ ತಿರುಗಿದ ವೇಗ ಗೊತ್ತಾಗುತ್ತದೆ. ಕಡಿಮೆ ಬೆಲೆಯ ಎಷ್ಟೋ ಫೋನುಗಳಲ್ಲಿ ಖರ್ಚು ಉಳಿಸಲು ಇದನ್ನೇ ಬಿಟ್ಟಿರುತ್ತಾರೆ. ಕೆಲವರು 'ವರ್ಚುವಲ್ ಗೈರೋ' ಎಂದು ಬರೆದಿರುತ್ತಾರೆ. ಅದು ಆಕ್ಸಿಲರೋಮೀಟರ್ ಮತ್ತು ದಿಕ್ಸೂಚಿ ಸೆನ್ಸರ್ ಸೇರಿಸಿ ಹಾಕುವ ಅಂದಾಜು, ಚಿತ್ರ ಜರ್ಕು ಹೊಡೆಯುತ್ತದೆ. ಸ್ಯಾಮ್ಸಂಗ್ ಫೋನಾದರೆ ಡಯಲ್ ಮಾಡುವ ಜಾಗದಲ್ಲಿ *#0*# ಒತ್ತಿ. ಬಹುತೇಕ ಮಾಡೆಲ್‌ಗಳಲ್ಲಿ ಪರೀಕ್ಷೆಯ ಪುಟ ಬರುತ್ತದೆ, ಅದರ ಸೆನ್ಸರ್ ಗುಂಡಿಯಲ್ಲಿ ಗೈರೋ ಇದೆಯೋ ಇಲ್ಲವೋ ಕಾಣುತ್ತದೆ.

ಹುಡುಗನ ಫೋನಿನಲ್ಲಿ ಇರಲಿಲ್ಲ. ಚಿಕ್ಕಪ್ಪನ ಫೋನಿನಲ್ಲಿತ್ತು. ವಿಡಿಯೋವನ್ನು ಅದಕ್ಕೆ ವಾಟ್ಸಾಪ್ ಮಾಡಿದ. ಸಂಜೆಗೆ ಫೋನ್ ಬಂತು: "ಈಗ ತೇರು ಚಪ್ಪಟೆ ಆಗದೆ ಅಣ್ಣ."

ಇದು ಎರಡನೇ ಕಾಯಿಲೆ. 360 ಡಿಗ್ರಿ ವಿಡಿಯೋ ಅಂದರೆ ದುಂಡಗಿನ ನೋಟವನ್ನು ಬಿಚ್ಚಿ ಚಪ್ಪಟೆಯಾಗಿ ಹಾಸಿರುವುದು. ಶಾಲೆಯ ಗೋಡೆಯ ಮೇಲಿನ ಜಗತ್ತಿನ ನಕ್ಷೆಗೂ ಇದೇ ವಿದ್ಯೆ. ಅಗಲ ಸಾಮಾನ್ಯವಾಗಿ ಎತ್ತರದ ಎರಡರಷ್ಟು, ಮೇಲಂಚು ಕೆಳಅಂಚು ಎಳೆದಾಡಿದಂತೆ. 'ಇದನ್ನು ಮತ್ತೆ ದುಂಡಗೆ ಸುತ್ತು' ಎಂಬ ಸೂಚನೆ ಫೈಲಿನೊಳಗೆ ಮೆಟಾಡೇಟಾ ಆಗಿ ಕೂತಿರುತ್ತದೆ. ವಾಟ್ಸಾಪಿನಲ್ಲಿ ವಿಡಿಯೋ ಎಂದು ಕಳಿಸಿದಾಗ ಅದು ಫೈಲನ್ನು ಕುಗ್ಗಿಸಿ ಹೊಸದಾಗಿ ಬರೆಯುತ್ತದೆ. ಸೂಚನೆ ಅಳಿಸಿಹೋಗುತ್ತದೆ, ಚಿತ್ರದ ಗುಣವೂ ಇಳಿಯುತ್ತದೆ. ಅದೇ ಫೈಲನ್ನು 'ಡಾಕ್ಯುಮೆಂಟ್' ಎಂದು ಆರಿಸಿ ಕಳಿಸಿದರೆ ಇದ್ದದ್ದು ಇದ್ದ ಹಾಗೇ ಹೋಗುತ್ತದೆ. ಸೂಚನೆ ಕಳೆದುಹೋಗಿದ್ದರೂ ವಿಆರ್ ಪ್ಲೇಯರ್‌ಗಳ ಸೆಟ್ಟಿಂಗಿನಲ್ಲಿ 360, 180, 'ಸೈಡ್ ಬೈ ಸೈಡ್', 'ಟಾಪ್ ಬಾಟಮ್' ಎಂದು ಕೈಯಾರೆ ಆರಿಸಬಹುದು. ತೆರೆಯ ಮೇಲೆ ಒಂದೇ ದೃಶ್ಯ ಪಕ್ಕಪಕ್ಕ ಎರಡು ಸಲ ಕಂಡರೆ ಸೈಡ್ ಬೈ ಸೈಡ್, ಒಂದರ ಮೇಲೊಂದು ಕಂಡರೆ ಟಾಪ್ ಬಾಟಮ್. ಯೂಟ್ಯೂಬ್ ಲಿಂಕನ್ನು ಫೇಸ್‌ಬುಕ್ಕಿನ ಒಳಗೇ ತೆರೆದು 'ತಿರುಗ್ತಿಲ್ಲ' ಅನ್ನುವವರೂ ಇದ್ದಾರೆ. ಯೂಟ್ಯೂಬ್ ಆ್ಯಪಿನಲ್ಲೇ ತೆರೆಯಬೇಕು.

ಮರುದಿನ ಮತ್ತೆ ಫೋನ್. "ಅಜ್ಜಿಗೆ ಎಲ್ಡು ತೇರು ಕಾಣ್ತವಂತೆ."

ಚಿಕ್ಕಪ್ಪನದು 6.7 ಇಂಚಿನ ಫೋನು. ಅದರ ತೆರೆಯ ಉದ್ದ ಸುಮಾರು ಹದಿನೈದೂವರೆ ಸೆಂಟಿಮೀಟರ್. ತೆರೆಯನ್ನು ಎರಡು ಪಾಲು ಮಾಡಿದರೆ ಒಂದು ಪಾಲಿನ ನಡುಮಧ್ಯದಿಂದ ಇನ್ನೊಂದರ ನಡುಮಧ್ಯಕ್ಕೆ ಏಳೂಮುಕ್ಕಾಲು ಸೆಂಟಿಮೀಟರ್ ಆಗುತ್ತದೆ. ದೊಡ್ಡವರ ಎರಡು ಕಣ್ಣುಪಾಪೆಗಳ ನಡುವಿನ ಅಂತರ ಸರಾಸರಿ ಆರೂಕಾಲು. ಕಣ್ಣುಗಳು ಹೊರಕ್ಕೆ ವಾಲಬೇಕಾಗುತ್ತದೆ, ಅವು ವಾಲುವುದಿಲ್ಲ, ತೇರು ಎರಡಾಗುತ್ತದೆ. ಡಬ್ಬಿಯ ಮೇಲಿನ ಕ್ಯೂಆರ್ ಕೋಡ್ ಇರುವುದು ಇದಕ್ಕೇ. ವಿಆರ್ ಆ್ಯಪಿನಲ್ಲಿ ಅದನ್ನು ಸ್ಕ್ಯಾನ್ ಮಾಡಿದರೆ ಮಸೂರಗಳ ಅಂತರ, ಬಾಗು ಎಲ್ಲ ತಿಳಿದುಕೊಂಡು ಆ್ಯಪ್ ಚಿತ್ರಗಳನ್ನು ಹತ್ತಿರಕ್ಕೆ ತರುತ್ತದೆ. ಕೋಡ್ ಇಲ್ಲದ ಅಗ್ಗದ ಡಬ್ಬಿಯಾದರೆ ಪ್ಲೇಯರ್‌ನಲ್ಲೇ ಚಿತ್ರ ಚಿಕ್ಕದು ಮಾಡಿ, ಮೇಲಿನ ಚಕ್ರ ತಿರುಗಿಸಿ ಹೊಂದಿಸಿಕೊಳ್ಳಬೇಕು. ತೆರೆಯ ನಡುಗೆರೆ ಡಬ್ಬಿಯ ನಡುಗೋಡೆಗೆ ನೇರ ಬರಬೇಕು. ದಪ್ಪ ಪೌಚ್ ಹಾಕಿದ್ದರೆ ಬರುವುದಿಲ್ಲ, ತೆಗೆದುಬಿಡಿ. ಡಬ್ಬಿಯ ಕ್ಲಿಪ್ಪು ಪವರ್ ಬಟನ್ ಮೇಲೆ ಕೂತು, 'ನೋಡ್ತಾ ನೋಡ್ತಾ ಆಫ್ ಆಗ್ತದೆ' ಎಂದು ಫೋನ್ ಸರ್ವಿಸಿಗೆ ತಂದವರೂ ಉಂಟು. ಇನ್ನೊಂದು ಕಡೆ ತಿರುಗಿಸಿ ಇಟ್ಟರೆ ಆಯಿತು, ಅದಕ್ಕೆ ಕಾಸು ಕೇಳಲು ಬಾಯಿ ಬರುವುದಿಲ್ಲ.

ಇಷ್ಟೆಲ್ಲ ತಾಪತ್ರಯ ಏಕೆಂದರೆ ಈ ಡಬ್ಬಿಗಳನ್ನು ಹುಟ್ಟಿಸಿದವರು ಅವನ್ನು ಬಿಟ್ಟು ಹೋಗಿದ್ದಾರೆ. ಗೂಗಲ್‌ನ ಪ್ಯಾರಿಸ್ ಕಚೇರಿಯ ಡೇವಿಡ್ ಕೋಜ್ ಮತ್ತು ಡೇಮಿಯನ್ ಆನ್ರಿ ಎಂಬಿಬ್ಬರು ರಟ್ಟು ಮಡಚಿ ಮಾಡಿದ 'ಕಾರ್ಡ್‌ಬೋರ್ಡ್' 2014ರ ಜೂನ್‌ನಲ್ಲಿ ಹೊರಬಂತು. ಮರುವರ್ಷ ನ್ಯೂಯಾರ್ಕ್ ಟೈಮ್ಸ್ ತನ್ನ ಚಂದಾದಾರರಿಗೆ ಹತ್ತು ಲಕ್ಷಕ್ಕೂ ಹೆಚ್ಚು ರಟ್ಟಿನ ಡಬ್ಬಿ ಹಂಚಿತು. 2019ರಲ್ಲಿ ಗೂಗಲ್ ತನ್ನ ದುಬಾರಿ ಡಬ್ಬಿ 'ಡೇಡ್ರೀಮ್' ನಿಲ್ಲಿಸಿ, ಕಾರ್ಡ್‌ಬೋರ್ಡಿನ ಸಾಫ್ಟ್‌ವೇರನ್ನು ಯಾರು ಬೇಕಾದರೂ ಬಳಸಿಕೊಳ್ಳಿ ಎಂದು ಬಿಟ್ಟುಕೊಟ್ಟಿತು. 2021ರಲ್ಲಿ ಕಾರ್ಡ್‌ಬೋರ್ಡ್ ಮಾರುವುದನ್ನೂ ನಿಲ್ಲಿಸಿತು. ಪ್ಲಾಸ್ಟಿಕ್ ಡಬ್ಬಿಗಳ ವ್ಯಾಪಾರ ಮಾತ್ರ ನಿಂತಿಲ್ಲ.

ಯಳಂದೂರಿನಿಂದ ಬರುವ ಮೇಷ್ಟ್ರೊಬ್ಬರದು ಬೇರೆ ಕಥೆ. ಸಮುದ್ರವನ್ನೇ ನೋಡದ ಮಕ್ಕಳಿಗೆ ಸಮುದ್ರದೊಳಗಿನ ಮೀನು ತೋರಿಸಬೇಕೆಂದು 4ಕೆ ವಿಡಿಯೋ ಇಳಿಸಿಕೊಂಡಿದ್ದರು. ಗೈರೋ ಇದೆ, ಡಬ್ಬಿ ಚೆನ್ನಾಗಿದೆ, ನೀರಿನ ಸದ್ದು ಕೇಳುತ್ತದೆ, ತೆರೆ ಮಾತ್ರ ಕಪ್ಪು. 3840 ಅಡ್ಡ, 2160 ಉದ್ದ ಅಂದರೆ ಒಂದೊಂದು ಚಿತ್ರದಲ್ಲಿ ಸುಮಾರು 83 ಲಕ್ಷ ಚುಕ್ಕಿ. 1080 ಗುಣಮಟ್ಟದಲ್ಲಿ ಬರೀ 21 ಲಕ್ಷ. ಕಡಿಮೆ ಬೆಲೆಯ ಫೋನುಗಳ ಎಷ್ಟೋ ಚಿಪ್‌ಗಳಿಗೆ ವಿಡಿಯೋ ಬಿಚ್ಚುವ ಶಕ್ತಿ 1080ಕ್ಕೇ ಮುಗಿಯುತ್ತದೆ. ಸದ್ದಿನ ಕೆಲಸ ಹಗುರ, ಅದು ನಡೆಯುತ್ತದೆ. 'ಮೆಮೊರಿ ಫುಲ್ ಆಗಿದೆಯಾ?' ಎಂದು ಮೇಷ್ಟ್ರು ಕೇಳಿದರು. ಮೆಮೊರಿಗೂ ಇದಕ್ಕೂ ಸಂಬಂಧವಿಲ್ಲ. ಅದೇ ವಿಡಿಯೋವನ್ನು ಕಡಿಮೆ ಗುಣಮಟ್ಟದಲ್ಲಿ ಹಾಕಿಕೊಟ್ಟೆ, ಮೀನು ಕಂಡವು.

ಕಂಡವು, ಆದರೆ ಮಬ್ಬು. ಇದನ್ನು ಮುಚ್ಚಿಡದೆ ಹೇಳಬೇಕು. 3840 ಚುಕ್ಕಿ ಹರಡಿರುವುದು ಇಡೀ 360 ಡಿಗ್ರಿಗೆ. ಮಸೂರದಲ್ಲಿ ಒಂದು ಸಲಕ್ಕೆ ಕಾಣುವುದು ಸುಮಾರು 90 ಡಿಗ್ರಿ, ಅಂದರೆ ಕಣ್ಣೆದುರಿಗೆ 960 ಚುಕ್ಕಿ ಅಷ್ಟೇ. 1080ರ ವಿಡಿಯೋದಲ್ಲಿ 480. 'ಫೋರ್‌ಕೆ ವಿಆರ್' ಎಂದು ಮಾರುವವರು ಈ ಭಾಗಾಕಾರ ಹೇಳುವುದಿಲ್ಲ. ಬಿಳಿಗಿರಿರಂಗನ ಬೆಟ್ಟದ ಹಾದಿಯಲ್ಲೋ ಹನೂರಿನಾಚೆಯ ಕಾಡಂಚಿನಲ್ಲೋ ಸಿಗ್ನಲ್ ಒಂದು ಕಡ್ಡಿಗೆ ಇಳಿದರೆ 'ಆಟೋ' ಗುಣಮಟ್ಟ ತಾನಾಗಿ 240ಕ್ಕೂ ಇಳಿಯಬಹುದು. ಅದರಲ್ಲೂ ಕಾಲು ಪಾಲು ಕಂಡರೆ ಮೀನು ಯಾವುದು ಕಲ್ಲು ಯಾವುದು? ಸಿಗ್ನಲ್ ಇರುವ ಕಡೆ ಮೊದಲೇ ಇಳಿಸಿಟ್ಟುಕೊಳ್ಳುವುದೇ ದಾರಿ. ಮೆಮೊರಿ ಕಾರ್ಡ್ ಹಳೆಯ ಫ್ಯಾಟ್32 ಬಗೆಯದಾದರೆ 4 ಜಿಬಿಗಿಂತ ದೊಡ್ಡ ಫೈಲ್ ಅದರಲ್ಲಿ ಕೂರುವುದಿಲ್ಲ, ಅದನ್ನೂ ನೋಡಿಕೊಳ್ಳಿ.

ಕತ್ತು ಅಲ್ಲಾಡಿಸದಿದ್ದರೂ ಚಿತ್ರ ಮೆಲ್ಲಗೆ ಪಕ್ಕಕ್ಕೆ ಜಾರುತ್ತಿದ್ದರೆ ಅಯಸ್ಕಾಂತ ಹುಡುಕಿ. ಮೊದಲ ಕಾರ್ಡ್‌ಬೋರ್ಡಿನಲ್ಲಿ ಬಟನ್ನೇ ಅಯಸ್ಕಾಂತದ್ದು. ಪೌಚಿನ ಮುಚ್ಚಳ, ಬೈಕ್ ಹೋಲ್ಡರಿನ ತಗಡು, ಯಾವುದಾದರೂ ದಿಕ್ಸೂಚಿಯನ್ನು ದಾರಿ ತಪ್ಪಿಸಬಹುದು. ತೆಗೆದು, ಫೋನ್ ಹಿಡಿದು ಗಾಳಿಯಲ್ಲಿ ಎಂಟರ ಆಕಾರ ಬರೆದು, ಮೇಜಿನ ಮೇಲೆ ಸ್ವಲ್ಪ ಹೊತ್ತು ಅಲುಗದಂತೆ ಇಡಿ. ಬ್ಯಾಟರಿ ಸೇವರ್ ಆಫ್ ಮಾಡಿ. ಬೇಸಿಗೆಯ ಮಧ್ಯಾಹ್ನ ಮುಚ್ಚಿದ ಡಬ್ಬಿಯಲ್ಲಿ ಫೋನ್ ಕಾದು ತನ್ನ ವೇಗ ತಾನೇ ಇಳಿಸಿಕೊಳ್ಳುತ್ತದೆ, ಚಿತ್ರ ತಡವರಿಸುತ್ತದೆ. ಇಳಿಸಿಟ್ಟ ವಿಡಿಯೋ ಆದರೆ ಫ್ಲೈಟ್ ಮೋಡ್ ಹಾಕಿ ನೋಡಿ, ಬಿಸಿಯೂ ಕಡಿಮೆ, ನಡುವೆ ಕಾಲ್ ಕೂಡ ಬರುವುದಿಲ್ಲ. ಚಿತ್ರ ತಡವರಿಸುವಾಗ ಹಟ ಹಿಡಿದು ನೋಡಿದರೆ ತಲೆಸುತ್ತು, ವಾಕರಿಕೆ ಗ್ಯಾರಂಟಿ. ವಯಸ್ಸಾದವರನ್ನು ಕೂರಿಸಿಯೇ ತೋರಿಸಿ, ನಿಲ್ಲಿಸಿ ಬೇಡ.

ಅಜ್ಜಿ ಕೊನೆಗೆ ಒಂದೇ ತೇರು ನೋಡಿದರಂತೆ. ನೋಡಿ, ಮಂಗಳಾರತಿ ಯಾಕೆ ತೋರಿಸಲಿಲ್ಲ ಎಂದು ಮೊಮ್ಮಗನನ್ನು ಬೈದರಂತೆ.

ಡಬ್ಬಿಗೆ ಆರ್ಡರ್ ಹಾಕುವ ಮುಂಚೆ ಫೋನ್ ಹಿಡಿದು ನಿಂತಲ್ಲೇ ಒಂದು ಸುತ್ತು ತಿರುಗಿ. ಮನೆಯಲ್ಲಿ ಇರುವ ಎಲ್ಲರ ಫೋನನ್ನೂ ಹೀಗೆ ನೋಡಿ. ಒಂದರಲ್ಲೂ ಚಿತ್ರ ಸರಿಯದಿದ್ದರೆ ಡಬ್ಬಿ ಕೊಳ್ಳಬೇಡಿ. ಅನುಮಾನ ಬಂದರೆ ಹತ್ತಿರದ ಯಾವುದಾದರೂ ಮೊಬೈಲ್ ಅಂಗಡಿಯಲ್ಲಿ ಕೇಳಿ. ಎರಡು ನಿಮಿಷದ ಕೆಲಸ, ನಾನಂತೂ ಇದಕ್ಕೆ ದುಡ್ಡು ತಗೊಳ್ಳುವುದಿಲ್ಲ.